ಕಂಬಿಯಾಚೆಯ ವೀಳ್ಯ

ಜೈಲಿನ ಬಾಗಿಲಲ್ಲಿ ನಿಂತಿದ್ದ ಪೇದೆ ಮತ್ತೊಮ್ಮೆ ಕೇಳಿದ. ಯಾರನ್ನು ನೋಡಬೇಕು, ಹೆಸರೇನು. ಗೌರಕ್ಕ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಳ್ಳುತ್ತ, ನಮ್ಮನೆಯವರನ್ನು ಎಂದಳು. ಒಳಗಿರುವವರೆಲ್ಲ ಯಾರದಾದರೂ ಮನೆಯವರೇ ಅಲ್ಲವೇ ಎಂದು ಪೇದೆ ನಕ್ಕ. ಹಿಂದೆ ನಿಂತವರೂ ನಕ್ಕರು. ಅವಳು ಊರು ಹೇಳಿದಳು, ಬರಗೂರಿನ ಆಚೆಯ ಹಟ್ಟಿ ಎಂದಳು, ಕುರಿಯವರು ಎಂದಳು, ಪಾವಗಡದ ಕಡೆ ಆದ ಹೊಡೆದಾಟದ ಕೇಸು ಎಂದಳು. ಕೊನೆಗೆ, ನಮ್ಮ ಹಟ್ಟಿ ದೇವರ ಹೆಸರೇ ಅವರದೂ ಎಂದಳು. ಯಾವ ದೇವರು ಎಂದು ಅವನು ಕೇಳಿದ. ಅದನ್ನು ಹೇಳುವಂತಿದ್ದರೆ ಇದನ್ನೂ ಹೇಳಬಹುದಿತ್ತು.

ಮದುವೆಯಾದಾಗಿನಿಂದ ಗೌರಕ್ಕ ತನ್ನ ದೇವರ ಹೆಸರು ಹಿಡಿದು ಕೈಮುಗಿದವಳಲ್ಲ. ಗಂಡನಿಗೂ ಜುಂಜಪ್ಪ ಎಂದೇ ಹೆಸರು. ಹೆಂಡತಿ ಹೆಸರು ಹೇಳಿದರೆ ಗಂಡನ ಆಯಸ್ಸು ತಗ್ಗುತ್ತದೆ ಎನ್ನುವುದು ಹಟ್ಟಿಯಲ್ಲಿ ಎಲ್ಲರಿಗೂ ಗೊತ್ತಿದ್ದ ಮಾತು. ಸ್ವಾಮಿ ಎಂದರೆ ದೇವರಿಗೆ ತಿಳಿಯುತ್ತಿತ್ತು. ಪೇದೆಗೆ ತಿಳಿಯಲಿಲ್ಲ.

ಇಷ್ಟು ದಿನ ಈ ತೊಂದರೆ ಬಂದಿರಲಿಲ್ಲ. ಜುಂಜಪ್ಪನ ಅಣ್ಣ ಗಂಗಣ್ಣ ಅವಳನ್ನು ಕರೆದುಕೊಂಡು ಬರುತ್ತಿದ್ದ. ಹೆಸರು ಹೇಳುವವನು ಅವನು, ಕಂಬಿಯ ಮುಂದೆ ನಿಲ್ಲುವವನು ಅವನು, ಮಾತಾಡುವವನೂ ಅವನೇ. ಯಾವ ಕುರಿ ಈದಿತು, ಯಾವುದಕ್ಕೆ ಕಾಲುಬೇನೆ, ಲಾಯರು ಏನಂದ, ಕೋರ್ಟಿನಲ್ಲಿ ಮುಂದಿನ ವಾಯಿದೆ ಯಾವಾಗ ಎಂದು. ಭಾವನ ಎದುರಿಗೆ ಗಂಡನ ಜೊತೆ ಮಾತಾಡುವ ಪದ್ಧತಿ ಅವರಲ್ಲಿ ಇರಲಿಲ್ಲ. ಅವಳು ಭಾವನ ಬೆನ್ನ ಹಿಂದೆ ತಲೆ ತಗ್ಗಿಸಿ ನಿಲ್ಲುತ್ತಿದ್ದಳು. ಕಂಬಿಯ ಕೆಳಗೆ ಗಂಡನ ಪಾದಗಳು ಕಾಣುತ್ತಿದ್ದವು. ಬೆಟ್ಟ ಬಯಲು ಸುತ್ತಿ ಒಡೆದುಹೋಗಿದ್ದ ಆ ಹಿಮ್ಮಡಿಗಳು ತಿಂಗಳು ಕಳೆದಂತೆ ಕೂಡಿಕೊಂಡು ಮೆತ್ತಗಾಗುತ್ತ ಬಂದಿದ್ದವು. ನಡೆಯದ ಮನುಷ್ಯನ ಕಾಲು ಎಂದು ಅವಳು ಅಂದುಕೊಳ್ಳುತ್ತಿದ್ದಳು. ಜೈಲಿಗೆ ಬಂದು ಹೋಗುವುದೆಲ್ಲ ಅವಳ ಪಾಲಿಗೆ ಅಷ್ಟೇ. ಐದು ತಿಂಗಳಲ್ಲಿ ಒಂದು ಮಾತೂ ಆಡಿರಲಿಲ್ಲ.

ಆಡಲೇಬೇಕಾದ ಮಾತು ಈಗ ಹೊಟ್ಟೆಯಲ್ಲಿ ಕೂತು ಹೊರಗಿನವರಿಗೂ ಕಾಣುವಷ್ಟಾಗಿತ್ತು.

ಅದು ಮೈಸೂರು ರಾಜ್ಯ ದೊಡ್ಡದಾದ ಮರುವರ್ಷ. ಮಳೆಗಾಲಕ್ಕೆ ಮುಂಚೆ ಕುರಿ ಹೊಡೆದುಕೊಂಡು ಪಾವಗಡದ ಆಚೆ ಹೋಗಿದ್ದ ಜುಂಜಪ್ಪ ದೀಪಾವಳಿ ಕಳೆದ ಮೇಲೆ ಹಿಂತಿರುಗಿದ. ದೂರದ ಮೇವು ಮುಗಿಸಿ ಬಂದವನು ನೇರವಾಗಿ ಮನೆಗೆ ಬರುವಂತಿಲ್ಲ. ಸೋಮವಾರ ದೇವರಿಗೆ ಪೂಜೆಯಾಗುವ ತನಕ ಹಟ್ಟಿಯ ಹೊರಗೆ ರೊಪ್ಪದಲ್ಲಿ, ಕುರಿಯ ಜೊತೆಯಲ್ಲೇ ಮಲಗಬೇಕು. ಅನ್ನವನ್ನು ಅಲ್ಲಿಗೇ ಒಯ್ದು ಕೊಡುತ್ತಾರೆ. ಹೆಂಡತಿಯ ಮುಖ ನೋಡಬಾರದು. ಅದು ಆ ಮನೆತನದ ಕಟ್ಟಲೆ. ಜುಂಜಪ್ಪ ಒಂದು ರಾತ್ರಿ ಆ ಕಟ್ಟಲೆ ಮೀರಿ ರೊಪ್ಪದಿಂದ ಎದ್ದು ಬಂದ, ಬೆಳಕು ಹರಿಯುವ ಮುಂಚೆ ಹೋದ. ಅದು ಇಬ್ಬರಿಗೇ ಗೊತ್ತು. ಸೋಮವಾರ ಬರುವ ಮೊದಲು ಪೊಲೀಸರು ಬಂದರು. ಪಾವಗಡದ ಕಡೆ ಕುರಿ ಕಡಲೆಕಾಯಿ ಹೊಲಕ್ಕೆ ನುಗ್ಗಿದಾಗ ನಡೆದ ಜಗಳದಲ್ಲಿ ಕಾವಲುಗಾರನ ಕೈ ಮುರಿದಿತ್ತು, ತಲೆ ಒಡೆದಿತ್ತು. ಜಾಮೀನಿಗೆ ನೆಲ ಇದ್ದವರು ಬೇಕು ಎಂದರು. ಹಟ್ಟಿಯವರಿಗೆ ಕುರಿ ಇತ್ತು, ನೆಲ ಇರಲಿಲ್ಲ.

ಹೀಗಾಗಿ ಗೌರಕ್ಕನ ಹೊಟ್ಟೆ ಮುಂದೆ ಬಂದಾಗ ಹಟ್ಟಿಯ ಹೆಂಗಸರು ಬಾಯಲ್ಲಿ ಏನೂ ಹೇಳದೆ ಬೆರಳು ಮಡಿಚತೊಡಗಿದರು. ಮಳೆಗಾಲಕ್ಕೆ ಮುಂಚೆ ಹೋದವನು, ಮನೆಗೇ ಬಾರದೆ ಜೈಲಿಗೆ ಹೋದವನು. ನೀರಿಗೆ ಹೋದಲ್ಲಿ ಅವಳು ಬಂದರೆ ಮಾತು ನಿಲ್ಲುತ್ತಿತ್ತು. ಪಕ್ಕದ ಮನೆಯ ಲಕ್ಕಮ್ಮ, ಪಾಪ ಗಾಳಿಗೂ ಒಮ್ಮೊಮ್ಮೆ ಹೊಟ್ಟೆ ಉಬ್ಬುತ್ತೆ ಎಂದು ಯಾರಿಗೋ ಹೇಳಿದ್ದು ಅವಳ ಕಿವಿಗೇ ಬಿತ್ತು. ಅವಳು ಅತ್ತೆಯ ಬಳಿ ನಡೆದದ್ದನ್ನು ನಡೆದ ಹಾಗೆ ಹೇಳಿದಳು. ಅತ್ತೆ ಕೊಲ್ಲಾಪುರಮ್ಮ ಕೂಗಾಡಲಿಲ್ಲ. ಕದಿರು ತಿರುಗಿಸುತ್ತ ಉಣ್ಣೆ ನೂಲುತ್ತಿದ್ದವಳು ನೂಲುತ್ತಲೇ ಇದ್ದಳು. ಎಳೆ ಮಾತ್ರ ಎರಡು ಸಲ ಕಡಿಯಿತು.

ಐದನೆಯ ತಿಂಗಳಲ್ಲಿ ಬಸುರಿಗೆ ಹಸಿರು ಬಳೆ ತೊಡಿಸಬೇಕು. ಅದಕ್ಕೆ ಗಂಡನಾದವನು ತನ್ನ ಕೈಯಾರೆ ಬಳೆಯವಳಿಗೆ ಎಲೆ ಅಡಿಕೆ ಕೊಟ್ಟು ಕರೆಯಬೇಕು. ಆ ವೀಳ್ಯ ಕೊಟ್ಟರೆ ಮಗು ನನ್ನದು ಎಂದು ಹಟ್ಟಿಯ ಮುಂದೆ ನಿಂತು ಹೇಳಿದ ಹಾಗೆ. ಐದನೆಯ ತಿಂಗಳು ಬಂದಾಗ ಕೊಲ್ಲಾಪುರಮ್ಮ ಬಳೆಯವಳಿಗೆ ಹೇಳಿಕಳಿಸಲಿಲ್ಲ.

"ನಾನು ನಂಬಾಕಿಲ್ಲ ಅಂತಲ್ಲ ಕಣಮ್ಮ," ಅಂದಳು. "ನಾನು ನಂಬಿದ್ರೆ ಸಾಕಾಗಾಕಿಲ್ಲ. ಅವನ ಕೈಲಿ ಬರ್ಲಿ."

ಗೌರಕ್ಕ ಗಂಗಣ್ಣನಿಗೆ ಅತ್ತೆಯ ಮೂಲಕ ಹೇಳಿಸಿದಳು, ಮುಂದಿನ ಸಲ ಹೋದಾಗ ಈ ಮಾತು ತಮ್ಮನಿಗೆ ತಿಳಿಸಬೇಕು ಎಂದು. ಅವನು ಹೋಗಿ ಬಂದು, ಹೆಂಗಸರ ಮಾತು ತಾನು ಹೇಗೆ ಆಡುವುದು, ತೋಳ ಹಿಡಿದ ಮರಿಯ ಸುದ್ದಿ ಹೇಳಿ ಬಂದೆ ಎಂದ. ಆಮೇಲೆ, ಈ ಹೊಟ್ಟೆ ಹೊತ್ತವಳನ್ನು ಜೈಲಿನ ಬಾಗಿಲಿಗೆ ಕರೆದೊಯ್ಯುವುದಿಲ್ಲ ಎಂದೂ ಹೇಳಿದ. ಅವನು ಹೊರಟುಹೋದ ಮೇಲೆ ಗೌರಕ್ಕ ಸೆರಗು ಬಿಗಿದಳು. ಅವರ ಕೈಯಲ್ಲಿ ಬರಬೇಕು ತಾನೆ, ನಾನೇ ಹೋಗಿ ತರುತ್ತೇನೆ ಎಂದಳು. ಕೊಲ್ಲಾಪುರಮ್ಮ ಬೇಡ ಎನ್ನಲಿಲ್ಲ. ಬೆಳಗಿಗೆ ರೊಟ್ಟಿ, ಹುಚ್ಚೆಳ್ಳಿನ ಪುಡಿ ಗಂಟು ಕಟ್ಟಿ ಬಾಗಿಲಲ್ಲಿ ಇಟ್ಟಿದ್ದಳು.

ಬರಗೂರಿನಲ್ಲಿ ಒಂದು ಬಸ್ಸು, ಶಿರಾದಲ್ಲಿ ಇನ್ನೊಂದು. ಒಬ್ಬಳೇ ಬಸ್ಸು ಹತ್ತಿದ್ದು ಅವಳ ಜೀವಮಾನದಲ್ಲಿ ಅದೇ ಮೊದಲು. ದಾರಿಯುದ್ದಕ್ಕೂ ಗಂಡನಿಗೆ ಹೇಳಬೇಕಾದದ್ದನ್ನು ಮನಸ್ಸಿನಲ್ಲಿ ಜೋಡಿಸಿಕೊಂಡಿದ್ದಳು. ಬಾಗಿಲಲ್ಲೇ ಹೆಸರು ಕೇಳುತ್ತಾರೆ ಎಂಬುದು ಮಾತ್ರ ನೆನಪಾಗಿರಲಿಲ್ಲ.

ಪೇದೆಗೆ ಈಗ ಬೇಸರ ಬಂದಿತ್ತು. ಪಕ್ಕಕ್ಕೆ ನಿಂತುಕೋ ಎಂದು ಕೈ ಮಾಡಿದ. ಅಷ್ಟರಲ್ಲಿ ಹಿಂದಿನಿಂದ ಯಾರೋ, "ಸಾಬ್, ಗಂಡನ ಹೆಸ್ರು ಆ ಹುಡುಗಿ ಬಾಯಲ್ಲಿ ಹೆಂಗೆ ಬರ್ತದೆ? ಜುಂಜಪ್ಪ ಅಂತ ಬರ್ಕೊಳ್ಳಿ," ಅಂದರು.

ಗೌರಕ್ಕ ತಿರುಗಿದಳು. ಶಿರಾದ ರಹಮತ್ ಬಿ. ಹಟ್ಟಿಯ ಹೆಂಗಸರಿಗೆಲ್ಲ ಬಳೆ ಬೂವಮ್ಮ. ಗೌರಕ್ಕನ ಮದುವೆಗೆ ಬಳೆ ತೊಡಿಸಿದವಳು ಅವಳೇ. ಹೆಗಲ ಮೇಲೆ ಬಳೆಯ ಮಲಾರವಿಲ್ಲದೆ ಅವಳನ್ನು ನೋಡಿದ್ದು ಅದೇ ಮೊದಲು. ಬರಿ ಹೆಗಲಿನ ಮೇಲೆ ಏನೋ ಕಳೆದುಕೊಂಡವಳ ಹಾಗೆ ಕೈ ಇಟ್ಟುಕೊಂಡು ನಿಂತಿದ್ದಳು.

ಪೇದೆ ಅವಳನ್ನೂ ಕೇಳಿದ, ನೀನು ಯಾರ ಕಡೆಯವಳು ಎಂದು. ರಹಮತ್ ಬಿ ಗೌರಕ್ಕನ ಮುಖ ನೋಡಿದಳು, ಹಿಂದಿನ ಸಾಲು ನೋಡಿದಳು. ಈ ಹುಡುಗಿಯ ಜೊತೆಗೆ ಬಂದಿದ್ದೇನೆ, ಬಸುರಿ ಹೆಂಗಸು ಒಬ್ಬಳೇ ಹೇಗೆ ಬಂದಾಳು ಎಂದಳು. ಅವಳ ಕಂಕುಳಲ್ಲೂ ಒಂದು ಊಟದ ಗಂಟು ಇತ್ತು. ಅದನ್ನು ಸೆರಗಿನೊಳಕ್ಕೆ ಎಳೆದುಕೊಂಡಳು. ಗೌರಕ್ಕ ಅದನ್ನು ಕಂಡೂ ಯೋಚಿಸಲಿಲ್ಲ. ಅವಳ ಯೋಚನೆಯೆಲ್ಲ ಒಳಗಿತ್ತು.

ಕಂಬಿಯ ಹತ್ತಿರ ಬಂದ ಜುಂಜಪ್ಪ ಮೊದಲು ಅಣ್ಣನನ್ನು ಹುಡುಕಿದ. ಅಣ್ಣನಿಲ್ಲದ್ದು ಕಂಡು ಅವನ ಮುಖ ಇಳಿಯಿತು. ಅವ್ವನಿಗೆ ಏನಾದರೂ ಆಯಿತೇ ಎಂದು ಕೇಳಿದ. ಇಲ್ಲ ಎಂದು ಗೌರಕ್ಕ ತಲೆಯಾಡಿಸಿದಳು. ತಿಂಗಳುಗಟ್ಟಲೆ ಪಾದ ಮಾತ್ರ ನೋಡಿದ್ದವಳಿಗೆ ಈಗ ಎದುರಿಗಿದ್ದ ಮುಖ ಹೊಸದಾಗಿ ಕಂಡಿತು. ಗಡ್ಡದಲ್ಲಿ ಬಿಳಿ ಕೂದಲು ಬಂದಿದ್ದವು. ಬಸ್ಸಿನಲ್ಲಿ ಜೋಡಿಸಿಕೊಂಡ ಮಾತೆಲ್ಲ ಚೆದುರಿಹೋಯಿತು. ಅವಳು ಹೊಟ್ಟೆಯ ಮೇಲಿದ್ದ ಸೆರಗನ್ನು ಸ್ವಲ್ಪ ಸರಿಸಿದಳು.

ಅವನು ನೋಡಿದ. ಬಹಳ ಹೊತ್ತು ನೋಡಿದ. ಆ ಹೊತ್ತಿನಲ್ಲಿ ಅವಳು ಹೆದರಿದ್ದು ಹಟ್ಟಿಯವರಿಗಲ್ಲ. ಇವನೂ ಬೆರಳು ಮಡಿಚಿದರೆ ಎಂದು.

"ಆವತ್ತಿಂದಾ?" ಅಂದ.

"ಇನ್ಯಾವತ್ತಿಂದು?"

"ಅವ್ವಂಗೆ ಗೊತ್ತಾ?"

"ಹೊಟ್ಟೆ ಎಲ್ಲಾರಿಗೂ ಗೊತ್ತು. ನೀನು ಬಂದಿದ್ದು ಯಾರೂ ಕಂಡಿಲ್ಲ. ವೀಳ್ಯ ನಿನ್ನ ಕೈಲೇ ಬರ್ಬೇಕು."

ಜುಂಜಪ್ಪ ಎರಡೂ ಕೈಯಲ್ಲಿ ಕಂಬಿ ಹಿಡಿದುಕೊಂಡ. ಅವನ ಮುಖದಲ್ಲಿ ಸಂತೋಷವೂ ಅಂಜಿಕೆಯೂ ಒಂದನ್ನೊಂದು ತಳ್ಳುತ್ತಿದ್ದವು. ರೊಪ್ಪದಿಂದ ಎದ್ದು ಬಂದೆ ಎಂದು ಒಪ್ಪಿಕೊಂಡರೆ ಅಣ್ಣ ಏನಂದಾನು, ಈ ಜೈಲು ಬಂದದ್ದೇ ದೇವರ ಸಿಟ್ಟಿನಿಂದ ಎಂದಾರು, ಕುರಿಗೆ ಕಾಲುಬೇನೆ ಬಂದರೂ ತನ್ನ ತಲೆಗೇ ಕಟ್ಟಿಯಾರು. ತಾನು ಬಿಡುಗಡೆಯಾಗಿ ಬರುವ ತನಕ ತಡೆದರೆ ಆಗದೇ, ತಾನೇ ಬಂದು ನಿಧಾನವಾಗಿ ಹೇಳುತ್ತೇನೆ ಎಂದ.

"ಅವರು ಸಿಟ್ಟಾದ್ರೆ ನೀನು ಕೈಗೆ ಸಿಗಾಕಿಲ್ಲ, ಜೈಲಾಗಿದ್ದೀಯ," ಅಂದಳು ಗೌರಕ್ಕ. "ನಾನು ದಿನಾ ಸಿಕ್ತೀನಿ."

ಅವಳು ಮತ್ತೆ ಕೇಳಲಿಲ್ಲ. ಮದುವೆಯಾದ ಮೇಲೆ ಅವನಿಂದ ಏನನ್ನೂ ಬಾಯಿಬಿಟ್ಟು ಕೇಳಿದವಳಲ್ಲ. ಇದೊಂದನ್ನು ಕೇಳಿಯಾಯಿತು. ಎರಡನೆಯ ಸಲ ಕೇಳಿದರೆ ಅದು ಬೇಡುವುದಾಗುತ್ತದೆ, ಬೇಡಿ ಪಡೆದ ಮಗುವಿಗೆ ತಂದೆ ಯಾರಾದರೆ ಏನು ಎಂದು ಅವಳಿಗೆ ಅನಿಸಿತು. ಪಕ್ಕದಲ್ಲಿ ಬೇರೆಯವರು ತಮ್ಮ ತಮ್ಮವರ ಜೊತೆ ಜೋರಾಗಿ ಮಾತಾಡುತ್ತಿದ್ದರು. ಪೇದೆ ರೊಟ್ಟಿಯ ಗಂಟು ಬಿಚ್ಚಿ ನೋಡಿ ಒಳಕ್ಕೆ ಕೊಟ್ಟ.

ಜುಂಜಪ್ಪ ಆ ಗಂಟನ್ನೇ ನೋಡಿದ. ಕೇಳಿದ, "ಇದನ್ನ ಅವ್ವ ಕಟ್ಟಿದ್ದಾ?"

"ಹೂಂ."

ಅವನು ಗೌರಕ್ಕನ ಹಿಂದೆ, ಎರಡು ಮಾರು ದೂರದಲ್ಲಿ ಗೋಡೆಗೆ ಮುಖ ಮಾಡಿ ನಿಂತಿದ್ದ ರಹಮತ್ ಬಿಯನ್ನು ಕರೆದ. ಬೂವಮ್ಮ, ನಿನ್ನ ಸಂಚಿಯಲ್ಲಿ ಎಲೆ ಅಡಿಕೆ ಇದೆಯೇ ಎಂದು ಕೇಳಿದ. ಅವಳು ಸೊಂಟದ ಸಂಚಿ ಬಿಚ್ಚಿ ಎರಡು ಎಲೆ, ಒಂದು ಅಡಿಕೆ ಕೊಟ್ಟಳು. ಜೈಲಿನಲ್ಲಿ ಎಲೆ ತಿನ್ನುವ ಚಟ ಹತ್ತಿತೇ ಎಂದಳು. ಅವನು ಹೊದ್ದಿದ್ದ ಕಂಬಳಿಯ ಅಂಚಿನಿಂದ ಒಂದು ಕರಿ ಎಳೆ ಹಿರಿದ. ಅಡಿಕೆಯನ್ನು ಎಲೆಯೊಳಗೆ ಇಟ್ಟು ಮಡಿಚಿ ಉಣ್ಣೆಯಿಂದ ಸುತ್ತಿ ಗಂಟು ಹಾಕಿದ. ಆಮೇಲೆ ಕಂಬಿಯ ಸಂದಿಯಿಂದ ಎರಡೂ ಕೈ ಹೊರಗೆ ಚಾಚಿ, ಅವಳು ಕೊಟ್ಟದ್ದನ್ನು ಅವಳಿಗೇ ಹಿಂದಕ್ಕೆ ಕೊಟ್ಟ.

"ನನ್ನ ಹೆಂಡ್ತಿಗೆ ಬಳೆ ತೊಡಿಸು ಬೂವಮ್ಮ. ರೊಪ್ಪದಿಂದ ಎದ್ದು ಬಂದೋನು ನಾನು. ದೇವ್ರಿಗೆ ತಪ್ಪುಕಾಣಿಕೆ ನಾನೇ ಬಂದು ಕಟ್ತೀನಿ. ಅವ್ಳನ್ನ ಏನೂ ಕೇಳ್ಬ್ಯಾಡ್ರಿ ಅಂತ ಅವ್ವಂಗೆ ಹೇಳು."

ರಹಮತ್ ಬಿ ವೀಳ್ಯವನ್ನು ಕಣ್ಣಿಗೆ ಒತ್ತಿಕೊಂಡಳು. ಆಗಲೇ ಅಂಗಳದ ನೀರಿನ ತೊಟ್ಟಿಯ ಕಡೆಯಿಂದ "ಅಮ್ಮೀ" ಎಂದು ಯಾರೋ ಕೂಗಿದ್ದು. ತೆಳ್ಳಗಿನ ಯುವಕನೊಬ್ಬ ಕೊಡ ಕೆಳಗಿಟ್ಟು ಇತ್ತಲೇ ನೋಡುತ್ತಿದ್ದ. ರಹಮತ್ ಬಿ ಸೆರಗನ್ನು ಮುಖದ ಮೇಲೆ ಎಳೆದುಕೊಂಡಳು. ಅವನು ಇನ್ನೊಮ್ಮೆ ಕೂಗಿದ. ಅವಳು ಕೈಯೆತ್ತಿದಳು, ಇಳಿಸಿದಳು. ಅಷ್ಟರಲ್ಲಿ ಪೇದೆ ಹೊತ್ತಾಯಿತೆಂದು ಎಲ್ಲರನ್ನೂ ಹೊರಗೆ ಕಳಿಸಿದ. ಅವಳ ಕಂಕುಳಿನ ಗಂಟು ಕಂಕುಳಲ್ಲೇ ಉಳಿಯಿತು.

ಬಸ್ಸಿಗೆ ಕಾಯುತ್ತ ಹುಣಸೆಮರದ ಕೆಳಗೆ ಕೂತಾಗ ರಹಮತ್ ಬಿ ತಾನಾಗಿಯೇ ಹೇಳಿದಳು. ಮಗ ಮಕ್ಬೂಲ್ ಶಿರಾದಲ್ಲಿ ಸೈಕಲ್ ಷಾಪಿನಲ್ಲಿ ಕೆಲಸಕ್ಕಿದ್ದ. ಮಧುಗಿರಿಯಲ್ಲಿ ಒಂದು ಅಂಗಡಿಯ ಬೀಗ ಒಡೆದವರ ಜೊತೆಯಲ್ಲಿದ್ದ. ಇಲ್ಲಿಗೆ ಬಳೆಯ ಸರಕು ತರಲು ಬರುತ್ತೇನೆ ಎಂದು ಬೀದಿಯವರಿಗೆಲ್ಲ ಹೇಳಿದ್ದಾಳೆ. ಎಷ್ಟು ಮನೆಯ ಹಿತ್ತಲು, ಒಳಕೋಣೆ ತುಳಿದು ಬದುಕುವ ಕಸುಬು ಅವಳದು. ಹೆಣ್ಣುಮಕ್ಕಳು ಒಡವೆ ಬಿಚ್ಚಿಟ್ಟು ಅವಳ ಮುಂದೆ ಕೈ ನೀಡುತ್ತಾರೆ. ಕಳ್ಳನ ತಾಯಿ ಎಂದು ತಿಳಿದರೆ ಹೊಸ್ತಿಲು ದಾಟಿಸುವವರು ಯಾರು. ಇವತ್ತು ಗೌರಕ್ಕನನ್ನು ಕಂಡದ್ದಕ್ಕೇ ಮಗನ ಹೆಸರು ಬಾಯಲ್ಲಿ ನಿಂತುಹೋಯಿತು ಎಂದಳು.

ಗೌರಕ್ಕನಿಗೆ ನಾಚಿಕೆಯಾಯಿತು. ತನಗಾಗಿ ಒಂದು ಹೆಸರು ಹೇಳಿದವಳು ತನ್ನಿಂದಲೇ ಇನ್ನೊಂದು ಹೆಸರು ನುಂಗಿದ್ದಳು.

ಶಿರಾದಲ್ಲಿ ಇಳಿಯುವಾಗ ರಹಮತ್ ಬಿ ವೀಳ್ಯ ತೆಗೆದು ಗೌರಕ್ಕನ ಮಡಿಲಿಗೆ ಹಾಕಲು ಹೋದಳು. ಗೌರಕ್ಕ ಸೆರಗು ಒಡ್ಡಲಿಲ್ಲ. ಬಳೆಯವಳ ಕೈಗೆ ಕೊಟ್ಟ ವೀಳ್ಯ ಬಳೆಯವಳ ಕೈಯಿಂದಲೇ ಬರಬೇಕು. ಬಸುರಿಯೇ ತಂದರೆ ಅದಕ್ಕೆ ಬೆಲೆಯಿಲ್ಲ. ಅದು ಇಬ್ಬರಿಗೂ ಗೊತ್ತಿತ್ತು. ಬಾ ಎಂದು ಗೌರಕ್ಕ ಹೇಳಲಿಲ್ಲ, ಬರುತ್ತೇನೆ ಎಂದು ಅವಳೂ ಹೇಳಲಿಲ್ಲ.

ಹಟ್ಟಿಯಲ್ಲಿ ಕೊಲ್ಲಾಪುರಮ್ಮ ಸೊಸೆಯ ಬರಿಗೈ ನೋಡಿ, ಮಗ ರೊಟ್ಟಿ ತಿಂದನೇ ಎಂದಷ್ಟೇ ಕೇಳಿದಳು. ಮರುದಿನ ಗೌರಕ್ಕ ಅಂಗಳ ಸಾರಿಸುತ್ತ ದಾರಿ ನೋಡಿದಳು. ಅದರ ಮರುದಿನವೂ ನೋಡಿದಳು. ಎಲೆ ಒಣಗುತ್ತಿರುತ್ತದೆ ಎಂದು ನೆನೆದಳು. ಬೂವಮ್ಮನ ಮೇಲೆ ಸಿಟ್ಟು ಬಂದರೆ ಹಗುರಾಗುತ್ತಿತ್ತು, ಬರಲಿಲ್ಲ. ಅವಳ ಜಾಗದಲ್ಲಿ ತಾನಿದ್ದರೆ ಬರುತ್ತಿದ್ದೆನೇ ಎಂದು ಕೇಳಿಕೊಂಡಳು.

ಸಂತೆ ಕಳೆದ ದಿನ ರಹಮತ್ ಬಿ ಬಂದಳು. ಈ ಸಲ ಹೆಗಲ ಮೇಲೆ ಮಲಾರವಿತ್ತು. ಬಳೆ ಎಂದು ಕೂಗದೆಯೇ ನೇರವಾಗಿ ಕೊಲ್ಲಾಪುರಮ್ಮನ ಅಂಗಳಕ್ಕೆ ಬಂದು ಕೂತು, ವೀಳ್ಯ ತೆಗೆದು ಅವಳ ಮುಂದಿಟ್ಟಳು. ಲಕ್ಕಮ್ಮ ತನ್ನ ಜಗಲಿಯಲ್ಲಿ ಚೆಂಬು ಬೆಳಗುತ್ತಿದ್ದವಳು ಕೈ ನಿಲ್ಲಿಸಿದಳು. ಗಂಗಣ್ಣ ಹಗ್ಗ ಹೊಸೆಯುತ್ತ ಮೂಲೆಯಲ್ಲಿದ್ದ.

ಎಲೆ ಕಂದಿತ್ತು. ಕೊಲ್ಲಾಪುರಮ್ಮ ಎಲೆ ನೋಡಲಿಲ್ಲ, ಕಟ್ಟಿದ್ದ ಎಳೆಯನ್ನು ಎರಡು ಬೆರಳಿನಲ್ಲಿ ಹೊಸೆದು ನೋಡಿದಳು. ತಾನೇ ನೂತ ಉಣ್ಣೆ. ಗಂಟನ್ನು ಎಳೆದು ನೋಡಿದಳು. ಎಷ್ಟು ಎಳೆದರೂ ಬಿಗಿಯದ ಗಂಟು; ಎಳೆಮರಿಯ ಕೊರಳಿಗೆ ಉರುಲಾಗದಂತೆ ಹಾಕುವುದು. ಮಗನ ಪುಟ್ಟ ಕೈ ಹಿಡಿದು ಅವಳೇ ಕಲಿಸಿದ್ದು. ಅವನು ಏನೆಂದ ಎಂದು ಕೇಳಿದಳು. ರಹಮತ್ ಬಿ ಒಂದು ಮಾತೂ ಬಿಡದೆ ಹೇಳಿದಳು. ರೊಪ್ಪದ ಮಾತು ಬಂದಾಗ ಗಂಗಣ್ಣ ಹಗ್ಗ ಬಿಟ್ಟು ಎದ್ದ, ಆದರೆ ಹೊರಗೆ ಹೋಗಲಿಲ್ಲ.

"ಅಲ್ಲಾ ಬೂವಮ್ಮ," ಅಂದಳು ಲಕ್ಕಮ್ಮ ತನ್ನ ಜಗಲಿಯಿಂದ, "ಅವನ ಕೈಲಿ ಎಲೆ ಇಸ್ಕೊಳಾಕೆ ನೀನ್ಯಾಕೆ ಹೋಗಿದ್ದೆ ಜೈಲಿಗೆ?"

ಗೌರಕ್ಕನೇ ಬಾಯಿ ತೆರೆದಳು, ನಾನೇ ಜೊತೆಗೆ ಕರೆದೊಯ್ದದ್ದು ಎನ್ನಲು. ರಹಮತ್ ಬಿ ಅವಳ ಮಣಿಕಟ್ಟು ಹಿಡಿದಳು, ಬಳೆಯ ಅಳತೆ ನೋಡುವಾಗ ಹಿಡಿಯುವ ಹಾಗೆಯೇ.

"ಬ್ಯಾಡ ಬೇಟಿ. ನಾನೊಂದು ಸುಳ್ಳು ಹೇಳಿದ್ರೆ ಈ ಎಲೇನೂ ಸುಳ್ಳಾಗ್ತದೆ." ಆಮೇಲೆ ಕೊಲ್ಲಾಪುರಮ್ಮನ ಕಡೆ ತಿರುಗಿದಳು. "ನನ್ನ ಮಗಾನೂ ಅಲ್ಲೇ ಅವ್ನೆ ಕಣಮ್ಮ. ಕಳ್ತನದ ಕೇಸು."

ಲಕ್ಕಮ್ಮ ಬೆಳಗುತ್ತಿದ್ದ ಚೆಂಬನ್ನು ಮೆಲ್ಲಗೆ ತನ್ನ ಬಾಗಿಲ ಒಳಕ್ಕೆ ಸರಿಸಿದಳು. ಯಾರೂ ನೋಡಲಿಲ್ಲ ಎಂದುಕೊಂಡಳೋ ಏನೋ. ಅಂಗಳದಲ್ಲಿದ್ದ ನಾಲ್ವರೂ ನೋಡಿದರು. ರಹಮತ್ ಬಿ ತಲೆ ತಗ್ಗಿಸಿ ಮಲಾರದ ದಾರ ಬಿಚ್ಚತೊಡಗಿದಳು. ದಾರ ಬಿಚ್ಚಿದಂತೆ ಬಳೆಗಳು ಸದ್ದು ಮಾಡುತ್ತಿದ್ದವು.

"ಲಕ್ಕಮ್ಮ," ಅಂದಳು ಕೊಲ್ಲಾಪುರಮ್ಮ, "ಆ ಚೆಂಬು ಆಚೆ ತಾ. ಅದ್ರಾಗೇ ನೀರು ತಂದು ಬೂವಮ್ಮಂಗೆ ಕೊಡು. ಬಿಸಿಲಾಗೆ ನಡ್ಕೊಂಡು ಬಂದವ್ಳೆ."

ಲಕ್ಕಮ್ಮ ನೀರು ತಂದಳು. ರಹಮತ್ ಬಿ ಕುಡಿದು ಮುಗಿಸುವ ತನಕ ಕೊಲ್ಲಾಪುರಮ್ಮ ಕಾದಳು.

"ನಿನ್ನ ಮಗ ಮುದ್ದೆ ಉಣ್ತಾನಾ?"

"ಸಿರಾದಾಗೆ ಹುಟ್ದೋನು. ಉಣ್ದೆ ಇರ್ತಾನಾ?"

"ಮತ್ತೆ ನೀನು ಗಂಟು ಹೊತ್ಕೊಂಡು ವಾಪಸ್ ಬರಬ್ಯಾಡ. ಒಟ್ಟಿಗೆ ಕಟ್ಟಿಕೊಡ್ತೀನಿ," ಅಂದಳು ಕೊಲ್ಲಾಪುರಮ್ಮ. ಸೊಸೆ ಎಲ್ಲವನ್ನೂ ಅವಳಿಗೆ ಹೇಳಿದ್ದಳು ಎಂಬುದು ರಹಮತ್ ಬಿಗೆ ಆಗ ತಿಳಿಯಿತು. ಬೂವಮ್ಮ ಬರುವುದಕ್ಕೆ ಮುಂಚೆಯೇ ಗೊತ್ತಿದ್ದೂ, ಅವಳ ಬಾಯಿಂದಲೇ ಬರಲಿ ಎಂದು ಮುದುಕಿ ಕಾದಿದ್ದಳು.

ವಿಧವೆಯಾದ ಕೊಲ್ಲಾಪುರಮ್ಮ ಶುಭಕಾರ್ಯಕ್ಕೆ ದೂರ ಕೂರಬೇಕು. ಕಂಬದ ಹಿಂದೆ ಸರಿದು ಕೂತಳು. ಗೌರಕ್ಕ ಕೈ ನೀಡಿದಳು. ರಹಮತ್ ಬಿ ಅವಳ ಬೆರಳುಗಳನ್ನು ಒಟ್ಟುಮಾಡಿ ಹಿಂಡಿ, ಹಸಿರು ಬಳೆಗಳನ್ನು ಒಂದೊಂದಾಗಿ ಏರಿಸಿದಳು. ಬಸಿರಿಗೆ ಕೈ ತುಂಬಿಕೊಂಡಿದೆ, ಮದುವೆಯ ಅಳತೆ ಈಗ ಸಾಲದು ಎಂದಳು. ಒಂದು ಬಳೆಯೂ ಒಡೆಯಲಿಲ್ಲ. ಗಂಗಣ್ಣ ಹಗ್ಗದ ಕಡೆ ನೋಡುತ್ತಲೇ, ಯಾರಿಗೆಂದಿಲ್ಲದೆ, ಸೋಮವಾರ ಪೂಜೆಗೆ ತಮ್ಮನ ಹೆಸರಲ್ಲೂ ಒಂದು ಕಾಯಿ ಇಡಬೇಕು ಎಂದ.

ಮುಂದಿನ ವಾರ ಜೈಲಿನ ಬಾಗಿಲಲ್ಲಿ ಅದೇ ಪೇದೆ ಇದ್ದ. ಸಾಲು ಉದ್ದವಿತ್ತು. ಶಿರಾದ ಕಡೆಯವರೂ ಇದ್ದಂತಿತ್ತು. ಗೌರಕ್ಕನನ್ನು ಕಂಡವನೇ, ಈವತ್ತಾದರೂ ಹೆಸರು ಹೇಳುತ್ತೀಯೋ ಎಂದು ಕೇಳಿದ. ಪಕ್ಕದಿಂದ ರಹಮತ್ ಬಿ, "ಜುಂಜಪ್ಪ," ಅಂದಳು. ಹೇಳಿ, ಅಭ್ಯಾಸದಂತೆ ಸೆರಗನ್ನು ಮುಂದಕ್ಕೆ ಎಳೆದುಕೊಂಡಳು. ನೀನು ಯಾರನ್ನು ನೋಡಬೇಕು ಎಂದು ಪೇದೆ ಅವಳನ್ನು ಕೇಳಿದ.

ಗೌರಕ್ಕ ದೊಡ್ಡ ಗಂಟನ್ನು ಇನ್ನೊಂದು ಕಂಕುಳಿಗೆ ಬದಲಾಯಿಸಿಕೊಂಡಳು. ಎರಡೂ ಕೈಯ ಬಳೆಗಳು ಒಟ್ಟಿಗೆ ಸದ್ದು ಮಾಡಿದವು.

"ಮಕ್ಬೂಲ್," ಅಂದಳು, ಸಾಲಿನ ಕೊನೆಯವರಿಗೂ ಕೇಳುವಂತೆ. "ಸಿರಾದೋನು. ಈ ಬೂವಮ್ಮನ ಮಗ."